ಕರಬಸಪ್ಪನ ಕಾಲ್ಗುಣ

ಕಾಯಿಲೆಯವರನ್ನು ನೋಡಲು ಹೋಗುವುದರಲ್ಲಿ ರಾಣೇಬೆನ್ನೂರಿನ ಬೀಜದಂಗಡಿ ಕರಬಸಪ್ಪನನ್ನು ಮೀರಿಸುವವರು ಸುತ್ತ ಹತ್ತೂರಿನಲ್ಲಿ ಇರಲಿಲ್ಲ. ಯಾರೋ ಹಾಸಿಗೆ ಹಿಡಿದರು ಎಂಬ ಸುದ್ದಿ ಕಿವಿಗೆ ಬಿದ್ದರೆ ಸಾಕು, ಅಂಗಡಿಯನ್ನು ಹೆಂಡತಿಗೆ ಒಪ್ಪಿಸಿ, ಆರು ಮೋಸಂಬಿ ಕೈಚೀಲಕ್ಕೆ ಹಾಕಿಕೊಂಡು ಸಿಕ್ಕ ಬಸ್ಸು ಹತ್ತಿಬಿಡುತ್ತಿದ್ದ. ಮದುವೆಗೆ ಹೋಗದಿದ್ದರೂ ನಡೆದೀತು, ಮಲಗಿದವರನ್ನು ಮಾತಾಡಿಸದೆ ಇರಬಾರದು ಎಂದು ಅವನ ನಂಬಿಕೆ.

ಹಾವೇರಿಯ ಲಾರಿ ಮಾಲೀಕ ಕುತುಬುದ್ದೀನ ಸಾಹೇಬರನ್ನು ನೋಡಿ ಬಂದ. ಮೂರನೆಯ ದಿನ ಅವರು ಹೋದರು. ಗುತ್ತಲದ ಸೋದರತ್ತೆ ನೀಲಗಂಗವ್ವನನ್ನು ನೋಡಿ ಬಂದ. ಆಕೆ ಮೋಸಂಬಿ ಸುಲಿಸಿಕೊಂಡು ತಿಂದು, ಹಳೆಯದೆಲ್ಲ ನೆನೆಸಿ ನಕ್ಕು, ಮರುದಿನ ಬೆಳಗಾಗುವುದರೊಳಗೆ ಕಣ್ಣು ಮುಚ್ಚಿದಳು. ದೇವರಗುಡ್ಡದ ಮೈಲಾರೆಪ್ಪ ಮಾಸ್ತರರದೂ ಅದೇ ಕಥೆ. ಸಾಯುವಂತಿದ್ದವರನ್ನೇ ಹುಡುಕಿಕೊಂಡು ಹೋದರೆ ಅವರು ಸಾಯದೆ ಇನ್ನೇನು ಮಾಡುತ್ತಾರೆ? ಇಷ್ಟು ಸರಳವಾದ ಮಾತು ನಮ್ಮ ಜನಕ್ಕೆ ಹೊಳೆಯಬೇಕಲ್ಲ! ಕರಬಸಪ್ಪನ ಕಾಲ್ಗುಣವೇ ಹಾಗೆ, ಅವನು ಹೊಸ್ತಿಲು ದಾಟಿದನೆಂದರೆ ಆ ಮನೆಯಿಂದ ಒಬ್ಬರು ಹೊರಗೆ ಹೋದರೆಂದೇ ಅರ್ಥ ಎಂದು ಮಾತು ಹಬ್ಬಿತು.

ಇಂಥ ಮಾತು ಯಾರ ಬಗ್ಗೆಯೋ ಅವರಿಗೇ ಕೊನೆಗೆ ತಿಳಿಯುವುದು. ಹಾವೇರಿಯ ಒಂದು ಮನೆಯ ಬಾಗಿಲಲ್ಲಿ ಮುದುಕಿಯೊಬ್ಬಳು ಅಡ್ಡ ನಿಂತು "ನಮ್ಮವರು ಊರಾಗಿಲ್ರಿ" ಎಂದಳು. ಒಳಗೆ ಅವಳವರು ನರಳುತ್ತಿದ್ದದ್ದು ಬೀದಿಗೆ ಕೇಳುತ್ತಿತ್ತು. ಕರಬಸಪ್ಪ ಮನೆಗೆ ಬಂದು ಮಗಳನ್ನು ಕೇಳಿದ. ಹಾವೇರಿಯ ಕಾಲೇಜಿನಲ್ಲಿ ಬಿಸಿಎ ಓದುತ್ತಿದ್ದ ಶ್ರೀದೇವಿ ಮುಚ್ಚಿಡದೆ ಹೇಳಿದಳು. ಅಂದು ಅವನು ಊಟ ಮಾಡಲಿಲ್ಲ.

ಇದಾದ ಮೇಲೆ ಹೊಳಿಯಪ್ಪ ಮಲಗಿದ.

ಹೊಳಿಯಪ್ಪ ಅಂದರೆ ಮೋಟೆಬೆನ್ನೂರಿನ ಶಾಲೆಯಲ್ಲಿ ಕರಬಸಪ್ಪನ ಜೊತೆ ಒಂದೇ ಮಣೆಯ ಮೇಲೆ ಕೂತವನು. ಬ್ಯಾಡಗಿಯ ಮೆಣಸಿನಕಾಯಿ ಪೇಟೆಯಲ್ಲಿ ಮೂವತ್ತು ವರ್ಷ ತೂಕ ಮಾಡಿದವನು. ಬಾಯಿ ಬಿಟ್ಟರೆ ಎದುರಿನವನು ಒಂದೋ ನಗಬೇಕು, ಇಲ್ಲ ಜಗಳಕ್ಕೆ ನಿಲ್ಲಬೇಕು, ಅಂಥ ಮನುಷ್ಯ. ಬ್ಯಾಡಗಿಯಲ್ಲಿ ಕೆಮ್ಮು ಯಾರಿಗಿಲ್ಲ? ಖಾರದ ಪುಡಿಯ ಗಿರಣಿಗಳ ಆ ಊರಲ್ಲಿ ಬಸ್ಸಿನಿಂದ ಇಳಿದವನೇ ಮೊದಲು ಕೆಮ್ಮಿ, ಆಮೇಲೆ ವಿಳಾಸ ಕೇಳುತ್ತಾನೆ. ಹಾಗಾಗಿ ಹೊಳಿಯಪ್ಪನ ಕೆಮ್ಮನ್ನೂ ಯಾರೂ ಲಕ್ಷ್ಯಕ್ಕೆ ತೆಗೆದುಕೊಳ್ಳಲಿಲ್ಲ. ಹುಬ್ಬಳ್ಳಿಯ ಡಾಕ್ಟರು ಪುಪ್ಪುಸ ಪೂರಾ ಹೋಗಿದೆ, ಮನೆಗೆ ಕರೆದುಕೊಂಡು ಹೋಗಿ ಎಂದಾಗ ಎರಡು ಸಾವಿರದ ಏಳರ ಶಿವರಾತ್ರಿ ಹತ್ತಿರ ಬಂದಿತ್ತು.

ಕರಬಸಪ್ಪ ಅಂದೇ ಫೋನು ಮಾಡಿದ. ಹೊಳಿಯಪ್ಪನ ಹೆಂಡತಿ ಜಯವ್ವ, "ಈಗ ಬರಬ್ಯಾಡ್ರಿ ಅಣ್ಣಾರ, ಮಲ್ಕೊಂಡಾರ" ಎಂದಳು. ವಾರ ಬಿಟ್ಟು ಮಾಡಿದ. "ಈಗ ಬ್ಯಾಡ್ರಿ, ಆಮ್ಯಾಲೆ ನಾನ ಹೇಳ್ತೇನಿ." ಹೀಗೆ ಮೂರು ತಿಂಗಳು. ಜಯವ್ವನೂ ನಂಬಿದಳೇ? ಅಥವಾ ಹೊಳಿಯಪ್ಪನೇ ಹೆದರಿದನೇ? ಹೋಗಿಯೇ ಬಿಡೋಣವೆಂದು ಎರಡು ಸಲ ಬಸ್‌ಸ್ಟ್ಯಾಂಡಿಗೆ ಹೋಗಿ, ಬ್ಯಾಡಗಿ ಬಸ್ಸನ್ನು ಕಳಿಸಿಕೊಟ್ಟು, ಮೋಸಂಬಿಯನ್ನು ಮನೆಗೆ ವಾಪಸು ತಂದ. ಏನು ಮಾಡಿದರೆ ಸರಿ ಎಂಬುದೇ ಬಗೆಹರಿಯದೆ ಹೋಯಿತು.

ಬೇಸಿಗೆ. ಬೀಜದ ವ್ಯಾಪಾರ ಇಲ್ಲ. ಮಧ್ಯಾಹ್ನವಿಡೀ ಫೋನಿನ ಮುಂದೆ ಕೂತಿರುವ ಅಪ್ಪನನ್ನು ನೋಡಲಾರದೆ ಶ್ರೀದೇವಿ ಅವನನ್ನು ತನ್ನ ಕಂಪ್ಯೂಟರಿನ ಮುಂದೆ ಕೂರಿಸಿ ಒಂದು ಆಟ ಹಾಕಿಕೊಟ್ಟಳು. ಹೊಳೆಯ ದಂಡೆಯ ಒಂದು ಹಳ್ಳಿ. ಆಡುವವನು ಅಲ್ಲಿಗೆ ಹೊಸದಾಗಿ ಬಂದ ಒಕ್ಕಲಿಗ. ಬಿತ್ತಬೇಕು, ಬೆಳೆಯಬೇಕು, ಬೆಳೆದದ್ದನ್ನು ಊರವರಿಗೆ ಕೊಟ್ಟು ಗೆಳೆತನ ಮಾಡಬೇಕು. ಯಾರ ಗೆಳೆತನ ಎಷ್ಟಾಯಿತು ಎಂದು ತೋರಿಸಲು ಮೇಲೆ ಹತ್ತು ದೀಪಗಳು. ಗೆಳೆತನ ಬೆಳೆದಂತೆ ಒಂದೊಂದೇ ಹೊತ್ತಿಕೊಳ್ಳುತ್ತವೆ.

"ಇದೆಂಥಾ ಬೀಜಾನವ್ವಾ, ನಾಕ ದಿನದಾಗ ಫಲ ಕೊಡ್ತೈತಿ! ನಮ್ಮಂಗಡ್ಯಾಗ ಇದ್ದಿದ್ರ ಎಲ್ಲಿಗೋ ಹೋಗ್ತಿದ್ದೆ" ಎಂದು ಕರಬಸಪ್ಪ ಮೊದಲ ದಿನ ನಕ್ಕ.

ಎರಡನೆಯ ದಿನ ಅವನಿಗೆ ಆ ಊರಿನ ಅಂಬಿಗ ಸಿಕ್ಕ. ದೋಣಿಯನ್ನು ದಂಡೆಗೆ ಕಟ್ಟಿ ಅದರ ಪಕ್ಕ ನಿಂತು ಕೆಮ್ಮುತ್ತಿದ್ದ ಮುದುಕ. ಕಾಯಿಲೆಯವನು ಕಂಡಮೇಲೆ ಕರಬಸಪ್ಪನ ಕೈ ಸುಮ್ಮನಿರುತ್ತದೆಯೇ? ಬೆಳೆದ ಹಣ್ಣನ್ನೆಲ್ಲ ಅವನಿಗೇ ಒಯ್ದು ಕೊಟ್ಟ. ದೀಪ ಹೊತ್ತಿತು. ಅಂಬಿಗ ಇಂಗ್ಲಿಷಿನಲ್ಲಿ ಏನೋ ಹೇಳಿದ. ಶ್ರೀದೇವಿ ಕನ್ನಡದಲ್ಲಿ ಹೇಳಿದಳು: ಒಮ್ಮೆ ಮಹಾಪೂರದಲ್ಲಿ ಏಳು ಜನರನ್ನು ಈಚೆ ದಡಕ್ಕೆ ತಂದವನಂತೆ. ದಿನಕ್ಕೊಂದು ಹಣ್ಣು, ದಿನಕ್ಕೊಂದು ಮಾತು. ನಾಲ್ಕನೆಯ ದೀಪಕ್ಕೆ ಅಂಬಿಗನ ಕೈಗೆ ಕೋಲು ಬಂತು. ಆರನೆಯದಕ್ಕೆ ಮನೆಯ ಮೆಟ್ಟಿಲ ಮೇಲೆ ಕೂತ. ಒಂಬತ್ತನೆಯ ದೀಪ ಹೊತ್ತಿದಾಗ ಹಾಸಿಗೆಯಲ್ಲಿದ್ದ.

ಕರಬಸಪ್ಪ ಕೈ ಹಿಂದಕ್ಕೆ ತೆಗೆದುಕೊಂಡ.

"ಯವ್ವಾ, ನಾ ಹೋಗಿ ಬಂದಂಗೆಲ್ಲಾ ಇವಗ ಜಾಸ್ತಿ ಆಗಾಕತ್ತೈತಲ್ಲ?"

"ಅವನ ಕಥಿ ಹಂಗ ಬರದಾರಪ್ಪಾ. ಹತ್ತನೇ ದೀಪ ಹತ್ತಿದ್ರ ಅವನ ಕಥಿ ಮುಗೀತೈತಿ."

"ಮುಗೀತೈತಿ ಅಂದ್ರ?"

ಶ್ರೀದೇವಿ ಪರದೆಯ ಮೇಲಿನ ಹಾಸಿಗೆಯ ಕಡೆ ನೋಡಿದಳು. ಅಷ್ಟರಲ್ಲೇ ಅವನಿಗೆ ತಿಳಿಯಿತು.

"ಮತ್ತ ನಾ ಹೋಗದ ಇದ್ರ?"

"ಹಂಗ ಇರ್ತಾನ."

ಬೀಜ ಮಾರುವವನು ಪರೀಕ್ಷೆ ಮಾಡದೆ ಒಂದು ಮಾತನ್ನೂ ಒಪ್ಪುವುದಿಲ್ಲ. ಆಟದ ಹಳ್ಳಿಯಲ್ಲಿ ಅಂಬಿಗನ ಮನೆಯ ಕಡೆ ತಲೆ ಹಾಕದೆ ಒಂದು ಇಡೀ ವರ್ಷ ಕಳೆದ. ಮಲಗುವುದು, ಏಳುವುದು, ಮತ್ತೆ ಮಲಗುವುದು. ಎರಡು ಮಧ್ಯಾಹ್ನದಲ್ಲಿ ಮಳೆ, ಚಳಿ, ಬೇಸಿಗೆ ಎಲ್ಲ ಮುಗಿದವು. ಆಮೇಲೆ ಬರಿಗೈಯಲ್ಲಿ ಹೋಗಿ ಇಣುಕಿದ. ಅಂಬಿಗ ಅದೇ ಹಾಸಿಗೆಯಲ್ಲಿ ಅದೇ ಮಗ್ಗುಲಾಗಿ ಮಲಗಿದ್ದ. ಕೂದಲೆಳೆಯಷ್ಟೂ ಕೆಟ್ಟಿರಲಿಲ್ಲ. "ಇವತ್ತು ಗಾಳಿ ತಣ್ಣಗಿದೆ" ಎಂದ. ಇನ್ನೊಮ್ಮೆ ಒತ್ತಿದರೂ ಅದೇ ಗಾಳಿ, ಅದೇ ತಣ್ಣಗೆ.

ಊರು ಹೇಳಿದ್ದೇ ಖರೆಯಾಯಿತಲ್ಲ! ಹೋಗದಿದ್ದರೆ ಉಳಿಯುತ್ತಾನೆ, ಹೋದರೆ ಸಾಯುತ್ತಾನೆ. ಆದರೆ ಹೀಗೆ ಉಳಿಯುವುದೂ ಉಳಿಯುವುದೇ? ಒಂದು ವರ್ಷ ಬರಲಿಲ್ಲವಲ್ಲೋ ಎಂದು ಬೈಯಲೂ ಇಲ್ಲ ಆ ಪುಣ್ಯಾತ್ಮ. "ಯಾವನವ್ವಾ ಇದನ್ನ ಮಾಡಿದಾಂವ? ಗೆಳೆತನ ಪೂರ್ತಿ ಆದ್ರ ಸಾಯಬೇಕು ಅಂತ ಬರದಾನಲ್ಲ, ಅವಗ ಗೆಳ್ಯಾರ ಇಲ್ಲೇನು?" ಎಂದು ಮಗಳ ಮೇಲೆ ರೇಗಿದ. ಮಗಳು "ಆಟ ಅಪ್ಪಾ, ಬರೇ ಆಟ" ಎಂದಳು.

ಆಯಿತು, ಹೊಳಿಯಪ್ಪನ ಮನೆಗೆ ಹೋಗುವುದೇ ಬೇಡ ಎಂದು ಅವನು ಗಟ್ಟಿ ಮಾಡಿಕೊಂಡ. ಹೀಗಾದರೂ ಅವನು ಇರಲಿ.

ಮರುದಿನ ಬೆಳಿಗ್ಗೆ ಜಯವ್ವನದೇ ಫೋನು.

"ಅಣ್ಣಾರ, ಭಾಳ ತ್ರಾಸ ಆಗಾಕತ್ತೈತ್ರಿ ಅವರಿಗೆ. ಬರೇ ನೀರ ಮ್ಯಾಲ ಅದಾರ, ಹನ್ನೆರಡು ದಿನಾ ಆತು. ನಿದ್ದಿಲ್ಲ, ಏನಿಲ್ಲ. ನೀವೊಮ್ಮೆ ಬಂದ ಹೋದ್ರ..." ಎಂದವಳು ಅಲ್ಲಿಗೇ ನಿಂತಳು.

ಬಂದು ಹೋದರೆ ಏನು? ಕರಬಸಪ್ಪ ಫೋನು ಹಿಡಿದುಕೊಂಡೇ ಕೂತ. ಅವನು ಹೋಗದೆ ಇದ್ದರೂ ಹೊಳಿಯಪ್ಪನಿಗೆ ಜಾಸ್ತಿಯಾಗಿತ್ತು, ಅಂದಮೇಲೆ ಆಟದ ಲೆಕ್ಕ ತಪ್ಪು. ಆದರೆ ಮೂರು ತಿಂಗಳು ಬರಬೇಡಿ ಎಂದವಳು ಈಗ ಬನ್ನಿ ಎನ್ನುತ್ತಿದ್ದಾಳೆ. ಕರೆಯುತ್ತಿರುವುದು ಗೆಳೆಯನನ್ನೋ, ಅವನ ಕಾಲುಗಳನ್ನೋ? ಮೊದಲನೆಯದಾದರೆ ಓಡಿಹೋಗಬೇಕು. ಎರಡನೆಯದಾದರೆ... ಅದಾದರೂ ಓಡಿಹೋಗಬೇಕೋ ಏನೋ. ನಾಳೆ ಬರುತ್ತೇನೆ ಎಂದು ಫೋನು ಇಟ್ಟ.

ಮಧ್ಯಾಹ್ನ ತಾನಾಗಿಯೇ ಕಂಪ್ಯೂಟರಿನ ಮುಂದೆ ಕೂತು ಅಂಬಿಗನಿಗೆ ಕೊನೆಯ ಹಣ್ಣು ಕೊಟ್ಟ. ಹತ್ತನೆಯ ದೀಪ ಹೊತ್ತಿತು. ಅಂಬಿಗ ಏನೋ ಅಂದ.

"ಸ್ವಲ್ಪ ಹೊತ್ತು ಕುಂದ್ರು ಅನ್ನಾಕತ್ತಾನಪ್ಪಾ" ಎಂದಳು ಶ್ರೀದೇವಿ.

"ಕುಂದ್ರೂದು ಯಾವ ಗುಂಡಿ?"

"ಈ ಆಟದಾಗ ಕುಂದ್ರಾಕ ಬರಂಗಿಲ್ಲ. ನಿಂದ್ರಬೇಕು, ಇಲ್ಲಾಂದ್ರ ಹೊರಗ ಹೋಗ್ಬೇಕು."

ಕರಬಸಪ್ಪ ನಂಬದೆ ಎಲ್ಲ ಗುಂಡಿಗಳನ್ನೂ ಒತ್ತಿ ನೋಡಿದ. ಒಕ್ಕಲಿಗ ಕೊಡಲಿ ಎತ್ತಿದ, ನೀರು ಸುರಿದ, ಹಾಸಿಗೆಯ ಸುತ್ತ ತಿರುಗಿದ. ಕೂರಲಿಲ್ಲ. ಸರಿ, ನಿಂತೇ ಇರಲಿ ಎಂದು ಹಾಗೆಯೇ ಬಿಟ್ಟ. ಗಂಟೆ ಕಳೆಯಿತು. ಚಹಾ ಬಂತು, ಆರಿತು. ನಾಲ್ಕಕ್ಕೆ ಕರೆಂಟು ಹೋಯಿತು. ಯುಪಿಎಸ್ಸು ಕುಂಯ್ ಕುಂಯ್ ಎನ್ನತೊಡಗಿತು.

"ಅಪ್ಪಾ, ಅಂಬಿಗನ ಮನಿಯಿಂದ ಲಗೂನ ಹೊರಗ ಬಾ! ಇಲ್ಲಾಂದ್ರ ಆಡಿದ್ದೆಲ್ಲಾ ಹೋಗ್ತೈತಿ!"

ಗಾಬರಿಯಲ್ಲಿ ಒತ್ತಿದ. ಒಕ್ಕಲಿಗ ಬಾಗಿಲು ದಾಟಿದ. ತಕ್ಷಣ ತುತ್ತೂರಿ ಊದಿದಂತೆ ಒಂದು ವಾದ್ಯ, ಬಣ್ಣದ ಚುಕ್ಕಿಗಳು, ದೊಡ್ಡಕ್ಷರದಲ್ಲಿ ಗೆಳೆತನ ಪೂರ್ಣವಾಯಿತೆಂಬ ಅಭಿನಂದನೆ. ಅಂಬಿಗನ ದೋಣಿ ಇನ್ನು ಮುಂದೆ ಆಡುವವನದು. ಮನುಷ್ಯ ಸತ್ತರೆ ತುತ್ತೂರಿ ಊದುತ್ತೀರೇನ್ರೋ ಎಂದು ಕರಬಸಪ್ಪ ಕತ್ತಲಾದ ಪರದೆಗೆ ಬೈದ. ಬೈಯುತ್ತ ಬೈಯುತ್ತ ಅತ್ತ. ಯಾರಿಗಾಗಿ ಅಳುತ್ತಿದ್ದೇನೆ ಎಂದು ಅವನಿಗೇ ತಿಳಿಯಲಿಲ್ಲ.

ಮರುದಿನ ಮೊದಲ ಬಸ್ಸಿಗೆ ಬ್ಯಾಡಗಿಯಲ್ಲಿ ಇಳಿದು, ಎಲ್ಲರಂತೆ ಕೆಮ್ಮಿ, ಹೊಳಿಯಪ್ಪನ ಮನೆಗೆ ಹೋದ. ಹೊಸ್ತಿಲ ಮುಂದೆ ಕಾಲು ಏಳಲಿಲ್ಲ. ಜಯವ್ವ ನೆಲ ನೋಡುತ್ತ "ಒಳಗ ಬರ್ರಿ" ಎಂದಳು.

ಹಾಸಿಗೆಯಲ್ಲಿ ಇದ್ದದ್ದು ಒಂದು ಹಿಡಿ ಮನುಷ್ಯ. ಬಾಯಿ ಮಾತ್ರ ಹಳೆಯದೇ. "ಬಂದೇನಲೇ ಕರಬಸ್ಯಾ? ಮೂರು ತಿಂಗಳು ಎಲ್ಲಿ ಸತ್ತಿದ್ದಿ?"

"ಬರಬ್ಯಾಡ ಅಂತ ನಿಮ್ಮನಿಯವ್ರ ಹೇಳಿದ್ರಲ್ಲೋ."

"ಅಕಿ ಅಲ್ಲ, ಹೇಳಿಸಿದಾಂವ ನಾನು." ಹೊಳಿಯಪ್ಪ ಉಸಿರು ಕೂಡಿಸಿಕೊಂಡ. "ನೀ ಬರದಂಗ ಸತ್ತು ತೋರಸ್ಬೇಕು ಅಂತ ಮಾಡಿದ್ದೆ. ಹೊಳಿಯಪ್ಪ ಕರಬಸಪ್ಪನ್ನ ನೋಡದನ ಸತ್ತಾನ, ಅಂವನ ಕಾಲಾಗ ಏನೂ ಇಲ್ಲ ಅಂತ ಮಂದಿ ಬಾಯಿ ಮುಚ್ಚತಿತ್ತು. ಮೂರು ತಿಂಗಳಾತು, ಜೀವಾ ಹೋಗವಲ್ದು. ನಿನ್ನ ನೋಡಬೇಕು ಅನ್ನಿಸಿ ಅನ್ನಿಸಿ ಸಾಕಾಗಿ ಹೋತು. ಮಂದಿ ಏನರ ಅಂದ್ಕೊಳ್ಳಿ, ಕರೀ ಅಂದೆ."

ಮೂರು ತಿಂಗಳು ಇವನ ಮೇಲೆ ಕರಬಸಪ್ಪ ಎಷ್ಟು ನೊಂದುಕೊಂಡಿದ್ದ! ಇವನು ಸಾಯುತ್ತಾ ಮಲಗಿ ಅವನ ಮಾನ ಕಾಯುತ್ತಿದ್ದ. ಕೊನೆಗೆ, "ನಾ ಬಂದದ್ದು ನಿನಗ ಹೆದರಿಕಿ ಆಗಂಗಿಲ್ಲೇನು?" ಎಂದ.

"ಹುಚ್ಚಾ, ನೀ ಬಂದಾಗ ಯಾರ ಸತ್ತಾರ? ಕುತುಬುದ್ದೀನ ಸಾಹೇಬ ನೀ ಎದ್ದು ಹೋದಮ್ಯಾಲೆ ಸತ್ತಾ. ನಿಮ್ಮತ್ತಿ ನೀ ಹೋದಮ್ಯಾಲೆ ಸತ್ಳು. ಎಲ್ಲಾರೂ ನೀ ಹೋದಮ್ಯಾಲ ಸತ್ತಾರ. ನೀ ಹೋಗಬ್ಯಾಡ, ನಾ ಹೆಂಗ ಸಾಯ್ತೇನಿ ನೋಡೂಣು." ನಗಲು ಹೋಗಿ ಕೆಮ್ಮಿದ. "ಕುಂದ್ರು."

ಇಲ್ಲಿ ಕೂರಲು ಬರುತ್ತಿತ್ತು. ಕರಬಸಪ್ಪ ಹಾಸಿಗೆಯ ಪಕ್ಕ ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತ.

ಕೂತವನು ಎಂಟು ದಿನ ಹೊಸ್ತಿಲು ದಾಟಲಿಲ್ಲ. ಬಟ್ಟೆಯನ್ನು ಶ್ರೀದೇವಿ ತಂದುಕೊಟ್ಟು ಹೋದಳು. ಮೋಸಂಬಿಯ ರಸವನ್ನು ಚಮಚದಲ್ಲಿ ಬಿಟ್ಟರೆ ಹೊಳಿಯಪ್ಪ ಎರಡು ಗುಟುಕು ನುಂಗಿದ. ಒಂದು ಮಧ್ಯಾಹ್ನ ನಿದ್ದೆಯನ್ನೂ ಮಾಡಿದ. ಅಕ್ಕಪಕ್ಕದವರಿಗೆ ಏನು ಮಾತಾಡಿಕೊಳ್ಳಬೇಕೋ ತಿಳಿಯದಾಯಿತು. ಆಟದ ಅಂಬಿಗನ ವಿಷಯವನ್ನೂ ಕರಬಸಪ್ಪ ಹೇಳಿದ. "ಹಣ್ಣು ತಿಂದು ದೋಣಿ ಕೊಟ್ಟು ಹೋದ್ನೇನು? ನನ್ನ ಹಂತ್ಯಾಕ ಏನೂ ಇಲ್ಲಪಾ ಕೊಡಾಕ" ಎಂದ ಹೊಳಿಯಪ್ಪ. ಆರನೆಯ ದಿನದಿಂದ ನೋವು ಏರಿತು. ಎರಡು ರಾತ್ರಿ ಅವನು ಕರಬಸಪ್ಪನ ಕೈಯನ್ನು ಹಿಂಡಿ ಹಿಂಡಿ ನೀಲಿ ಮಾಡಿದ.

ಒಂಬತ್ತನೆಯ ದಿನ ಬೆಳಿಗ್ಗೆ ಮಳೆ ಬಂದು ನಿಂತಿತ್ತು. ಹೊಳಿಯಪ್ಪ ಕಣ್ಣು ಬಿಟ್ಟು, "ಮುಂಗಾರಿ ಬಂತಲ್ಲೋ. ಬೀಜದಂಗಡಿ ಬಾಗಲಾ ಹಾಕ್ಕೊಂಡು ಇಲ್ಲೇನ ಮಾಡ್ತಿ? ಸಾಕು. ಇನ್ನ ನೀ ಊರಿಗೆ ಹೋಗಿ ಬಾ" ಎಂದ.

"ಅಂಗಡಿ ನಮ್ಮನಿಯಾಕಿ ನೋಡ್ಕೊಂತಾಳ."

"ಹೋಗಿ ಬಾ ಅಂದ್ನೆಲ್ಲ."

ಕರಬಸಪ್ಪ ಅವನ ಮುಖ ನೋಡಿದ. ಅಂಗಡಿಯ ಸಲುವಾಗಿ ಹೇಳುತ್ತಿದ್ದಾನೋ, ತನ್ನ ಬಿಡುಗಡೆಯ ಸಲುವಾಗಿ ಬೇಡಿಕೊಳ್ಳುತ್ತಿದ್ದಾನೋ? ಜಯವ್ವನ ಕಡೆ ನೋಡಿದ. ಅವಳು ಸೆರಗು ಬಾಯಿಗೆ ಹಿಡಿದು ಗೋಡೆಯ ಕಡೆ ತಿರುಗಿದಳು. ಕೇಳಬಹುದಿತ್ತು. ಕೇಳಿದರೆ ಅವನು ಖರೆ ಹೇಳಿಬಿಡುತ್ತಾನೆ ಎಂಬ ಅಂಜಿಕೆಗೆ ಕೇಳಲಿಲ್ಲ. ಗೆಳೆಯನ ಹಣೆಯ ಬೆವರು ಒರೆಸಿ, "ಹೋಗಿ ಬರ್ತೇನಿ" ಎಂದ.

"ಹೂಂ" ಎಂದ ಹೊಳಿಯಪ್ಪ. ಮುಖದಲ್ಲಿ ಸಿಟ್ಟಿರಲಿಲ್ಲ, ನಗೆಯೂ ಇರಲಿಲ್ಲ.

ಎಂಟು ದಿನ ಬಾಗಿಲಲ್ಲಿ ಬಿದ್ದಿದ್ದ ಚಪ್ಪಲಿಗಳು ಮಳೆಗೆ ನೆಂದಿದ್ದವು. ಕರಬಸಪ್ಪ ಮೆಟ್ಟಿಕೊಂಡು ಓಣಿಗೆ ಇಳಿದ. ಕಿವಿಯನ್ನು ಹಿಂದೆಯೇ ಬಿಟ್ಟು, ಒಂದೊಂದೇ ಹೆಜ್ಜೆ ಇಟ್ಟ. ಒಳಗಿನಿಂದ ಕೆಮ್ಮು ಕೇಳಿತು. ಇದ್ದಾನೆ. ಇನ್ನೂ ನಾಲ್ಕು ಹೆಜ್ಜೆ. ಮತ್ತೆ ಕೆಮ್ಮು. ಇದ್ದಾನೆ. ತಿರುವಿನಲ್ಲಿ ಗಿರಣಿ ಆಗಷ್ಟೇ ಶುರುವಾಗಿತ್ತು, ಖಾರದ ಘಾಟು ಮೂಗಿಗೆ ಬಡಿಯಿತು. ಮುಂದಿನ ಕೆಮ್ಮು ಕೇಳಿದಾಗ ಅದು ಹೊಳಿಯಪ್ಪನದೋ, ಗಿರಣಿಯ ಮುಂದೆ ನಿಂತವರದೋ, ತನ್ನದೇ ಗಂಟಲಿನದೋ ಅವನಿಗೆ ಗೊತ್ತಾಗಲಿಲ್ಲ. ಇನ್ನೊಮ್ಮೆ ಕೇಳಿಸಲಿ, ಆಮೇಲೆ ಹೋದರಾಯಿತು ಎಂದು ಅಲ್ಲೇ ನಿಂತುಕೊಂಡ.