ನಾಲ್ಕು ಹತ್ತಕ್ಕೆ ಬರೆದ ನಡೆ

ಸೂಜಿಯ ಕಣ್ಣಿಗೆ ದಾರ ಸಿಗುತ್ತಿಲ್ಲ, ಎಂಜಲು ಹಚ್ಚಿ ಹೊಸೆದರೂ ತುದಿ ಕವಲೊಡೆಯುತ್ತದೆ, ಗಿರಾಕಿಯ ಕೋಟಿಗೆ ಮೂರನೆಯ ಗುಂಡಿ ಬಾಕಿ, ಮೇಜಿನ ಮೇಲೆ ಫೋನು ಮತ್ತೆ ಗುಂಯ್ ಎಂದಿತು, ಅದೇ ಗುಂಪು, ಹಳೆಯ ಚದುರಂಗದ ಆಟಗಳನ್ನು ತಲೆಯ ಮೇಲೆ ಹೊತ್ತು ಮೆರೆಸುವ ಹನ್ನೊಂದು ಸಾವಿರ ಜನ, ಇವತ್ತು ನಮ್ಮ ಆಟದ ಸರದಿ, ಮೂವತ್ತೊಂದು ವರ್ಷದ ಹಿಂದೆ ಆ ಕನ್ನಡಕದವನು ಮಂತ್ರಿಯನ್ನೇ ಬಲಿಕೊಟ್ಟು ನನ್ನನ್ನು ಸೋಲಿಸಿದ ಆಟ, ಮಂತ್ರಿ ಹೋದ ಮೇಲೆ ಅವನ ಕುದುರೆ ಹಿಂದಕ್ಕೆ ಬರುತ್ತದಲ್ಲ, ಆ ನಡೆಗೆ ಚಪ್ಪಾಳೆಯೋ ಚಪ್ಪಾಳೆ, ಹೊಡೆಯಲಿ, ನನ್ನ ತಕರಾರಿಲ್ಲ, ಆದರೆ ಗುಂಪಿನ ಯಜಮಾನರು, ಆ ಲೆಕ್ಕದ ಮೇಷ್ಟ್ರು, ಕೆಳಗೆ ಬರೆದಿದ್ದಾರೆ, ಎದುರಿಗಿದ್ದ ಹೆಂಗಸಿಗೆ ಏನಾಗ್ತಿದೆ ಅಂತ ಕಡೇವರೆಗೂ ಗೊತ್ತಾಗ್ಲೇ ಇಲ್ಲ ಪಾಪ, ಗೊತ್ತಾಗಿದ್ರೆ ಸೋಲೊಪ್ಪಿ ಎದ್ದು ಹೋಗಿರೋರು — ಪಾಪವಂತೆ, ಅಕ್ಕ ಕತ್ತರಿ ಕೆಳಗಿಡದೆ ಹೇಳುತ್ತಾಳೆ, ಹೋಗ್ಲಿ ಬಿಡೇ, ಸೋತಿದ್ದು ಸೋತಿದ್ದೇ ತಾನೆ, ಹೌದು ಕಣೇ ಅಕ್ಕಾ, ಸೋತೆ, ಅದಕ್ಕೆ ನಾಚಿಕೆಯಿಲ್ಲ, ಕುರುಡಿ ಅಂದರೆ ಮಾತ್ರ ಮೈ ಉರಿಯುತ್ತದೆ.

ಕಂಡಿತ್ತು ನನಗೆ, ಮಂತ್ರಿ ಸಿಕ್ಕಿತೆಂದು ಹೊಡೆದೆ, ದುರಾಸೆ, ಒಪ್ಪಿದೆ, ಹೊಡೆದ ಕೈ ಮಡಿಲಿಗೆ ಬರುವಷ್ಟರಲ್ಲಿ ಕಂಡಿತು, ಕುದುರೆ ಹಿಂದಕ್ಕೆ ಬಂದರೆ ನಾನೇನು ಆಡಿದರೂ ಮರುನಡೆಗೆ ಮೇಟ್, ನನ್ನ ರಾಜನಿಗೆ ಉಳಿಗಾಲವಿಲ್ಲ, ಅವನಿಗೆ ಕಂಡಿಲ್ಲ, ಧೈರ್ಯದ ಮೇಲೆ ಮಂತ್ರಿ ಕೊಟ್ಟವನು ಈಗ ಬೆವರುತ್ತಿದ್ದಾನೆ, ದಾಳಿ ಮಾಡುವವರ ಕಣ್ಣೆಲ್ಲ ಮುಂದಕ್ಕೇ, ಹಿಂದಿನ ಮನೆ ಯಾರು ನೋಡುತ್ತಾರೆ, ಆಗೆಲ್ಲ ನಮ್ಮಲ್ಲಿ ಹಾಳೆಯಲ್ಲಿ ನಡೆ ಬರೆದು ಆಮೇಲೆ ಕಾಯಿ ಎತ್ತುವ ರೂಢಿ, ಕೈ ತನ್ನ ಪಾಡಿಗೆ ಬರೆದುಬಿಟ್ಟಿತು, ನನ್ನ ನಡೆಯನ್ನಲ್ಲ, ಅವನದನ್ನು, ಪಕ್ಕದಲ್ಲಿ ಹೊತ್ತು ಕೂಡ, ನಾಲ್ಕು ಹತ್ತು, ಗಾಬರಿಯಾಗಿ ಮೊಣಕೈ ಅಡ್ಡ ಇಟ್ಟೆ, ಅವನು ಕಂಡುಬಿಟ್ಟರೆ ನಾನೇ ಹೇಳಿಕೊಟ್ಟ ಹಾಗಲ್ಲವೆ, ಕಾಣದಿರಲಿ ದೇವರೇ ಎಂದೆ, ಹತ್ತು ನಿಮಿಷವಾದ ಮೇಲೆ ಕಾಣಲಿ ಎಂದೆ, ಅಷ್ಟು ಚೆಂದದ ನಡೆ ಹಾಳಾಗಬಾರದು, ಅವನ ಕೈ ಕುದುರೆಯ ಮೇಲೆ ಬಂದಾಗ ನಾಲ್ಕು ಮೂವತ್ತೆರಡು, ಅವನ ಹಾಳೆಯಲ್ಲೇ ಇದೆ, ಮೇಷ್ಟ್ರೇ ಗುಂಪಿಗೆ ಹಾಕಿದ್ದಾರೆ, ಆಮೇಲೂ ನಾನು ಏಳಲಿಲ್ಲ, ಮೇಟ್ ಆಗಲೆಂದು ಕುಳಿತೆ, ಹೊರಗೆ ಬಂದರೆ ತಂಡದ ಕೋಚು, ಮೇಟ್ ಆಗೋವರೆಗೂ ಕೂತ್ಕೋತಾರೇನಮ್ಮಾ, ಮಾನ ಹೋಯ್ತು, ಯಾರ ಮಾನ ಸ್ವಾಮಿ, ಗುಂಡಿಯಿಲ್ಲದ ಕೋಟನ್ನು ಗಿರಾಕಿಗೆ ಕೊಟ್ಟು ಕಳಿಸಿದವಳಲ್ಲ ನಾನು, ಅಂಥ ಆಟವನ್ನು ಅರ್ಧಕ್ಕೆ ಬಿಟ್ಟು ಏಳುತ್ತೇನೆಯೇ.

ಗುಂಡಿಗಳ ಡಬ್ಬಿಯ ತಳದಿಂದ ಹಾಳೆ ತೆಗೆದೆ, ಹಳದಿಯಾಗಿದೆ, ಶಾಯಿ ಹಾಗೇ ಇದೆ, ಬೆಳಕಿಗೆ ಹಿಡಿದು ಫೋಟೊ ತೆಗೆಯುತ್ತೇನೆ, ಅಕ್ಕನ ಕತ್ತರಿ ಈಗ ನಿಂತಿತು, ಅವನ ನಡೆ ಅವನು ಆಡೋಕ್ಮುಂಚೆ ನೀನು ಬರ್ಕೊಂಡಿದ್ದು ತಪ್ಪಲ್ವೇನೇ, ಮೈಮೇಲೆ ಬೀಳ್ತಾರೆ ನೋಡು, ಬೀಳಲಿ, ತಪ್ಪೇ, ನನ್ನ ಕೈಯಾರೆ ಮಾಡಿದ ತಪ್ಪು, ನಿಯಮ ಮುರಿದವಳು ಅನ್ನಲಿ, ಮೋಸಗಾತಿ ಅನ್ನಲಿ, ಪಾಪ ಅನ್ನುವುದು ಬೇಡ, ಕಳಿಸಿದೆ, ಹೋಯಿತು, ಗುಂಯ್, ಮತ್ತೆ ಗುಂಯ್, ನೋಡುವುದಿಲ್ಲ, ದಾರ ಸೂಜಿಗೆ ಸೇರಿತು ನೋಡು, ಮೂರನೆಯ ಗುಂಡಿ, ಗುಂಯ್, ನೋಡುವುದಿಲ್ಲ — ಮೊಣಕೈ ಕೆಳಗೆ ಒದ್ದೆ ಶಾಯಿ, ನಾಲ್ಕು ಹತ್ತು, ಇನ್ನೂ ಯಾರೂ ಆಡಿಲ್ಲ, ಕುದುರೆ ಹಿಂದಕ್ಕೆ, ಮೊಣಕೈ ಕೆಳಗೆ, ಕುದುರೆ ಹಿಂದಕ್ಕೆ