ಪದವೀಧರರಂತೆ

“ಗೆದ್ದ್ವಿ” ಎಂದರು ವಕೀಲರು, ಕೋಟಿನ ಗುಂಡಿ ಬಿಚ್ಚುತ್ತ.

ಅವನಿಗೆ ಅಲ್ಲೇ, ಕೋರ್ಟಿನ ಮೊಗಸಾಲೆಯಲ್ಲೇ, ಯಾರನ್ನಾದರೂ ಅಪ್ಪಿಕೊಳ್ಳಬೇಕೆನಿಸಿತು. ವಕೀಲರು ಆಗಲೇ ಮುಂದಿನ ಕಕ್ಷಿದಾರನನ್ನು ಹುಡುಕುತ್ತಿದ್ದರು.

ಅವನು ಕಾಲೇಜಿನಲ್ಲಿ ವ್ಯಾಕರಣ ಕಲಿಸುತ್ತಿದ್ದವನು. ಬಿ.ಎ., ಎಂ.ಎ. ಎರಡನ್ನೂ ದೂರಶಿಕ್ಷಣದಲ್ಲೇ, ಅಂಚೆಯಲ್ಲಿ ಬಂದ ಪಾಠಗಳನ್ನು ಅಡುಗೆಮನೆಯ ಮೇಜಿನ ಮೇಲೆ ಹರಡಿಕೊಂಡು ಪಾಸು ಮಾಡಿದ್ದ. ಎಂ.ಎ. ಕೊಟ್ಟ ವಿಶ್ವವಿದ್ಯಾಲಯಕ್ಕೆ ಮಾನ್ಯತೆಯೇ ಇರಲಿಲ್ಲವೆಂದು ಒಂದು ದಿನ ಸುತ್ತೋಲೆ ಬಂತು. ಅವನ ಕ್ಲಾಸು ಕಿತ್ತುಕೊಂಡು ಲೈಬ್ರರಿಯ ಮೂಲೆಯಲ್ಲಿ ಕೂರಿಸಿದರು. ಸ್ಟಾಫ್ ರೂಮಿನಲ್ಲಿ ‘ಅಂಚೆ ಮೇಷ್ಟ್ರು’ ಎಂಬ ಹೆಸರು ಬಿತ್ತು. ಅವನೂ ನಕ್ಕಿದ್ದ. ನಗದಿದ್ದರೆ ಹೆಸರು ಇನ್ನೂ ಗಟ್ಟಿಯಾಗಿ ಅಂಟಿಕೊಳ್ಳುತ್ತಿತ್ತು.

“ಆದೇಶದಲ್ಲಿ ಏನಂತ ಇದೆ ಸರ್?”

“ಅರ್ಜಿದಾರರನ್ನು ಸ್ನಾತಕೋತ್ತರ ಪದವೀಧರರಂತೆ ಪರಿಗಣಿಸತಕ್ಕದ್ದು.”

“ಪದವೀಧರರಂತೆ?”

“ಹ್ಞೂಂ.”

“ಪದವೀಧರರು ಅಂತಲೇ ಬರೀಬಹುದಿತ್ತಲ್ವಾ?”

ವಕೀಲರು ಅವನನ್ನು ಕನ್ನಡಕದ ಮೇಲಿಂದ ನೋಡಿದರು. “ಕೆಲಸ ಉಳೀತಲ್ಲ ಮೇಷ್ಟ್ರೇ. ಮನೆಗೆ ಹೋಗಿ ಮಲಗಿ.”

ಮಲಗುವುದೆಲ್ಲಿ ಬಂತು. ಬಸ್ಸಿನಲ್ಲಿ ಸೀಟು ಸಿಕ್ಕರೂ ಅವನು ನಿಂತೇ ಇದ್ದ. ಕಾಲು ಕೇಳುತ್ತಿರಲಿಲ್ಲ. ಹೆಂಡತಿಗೆ ಫೋನು ಮಾಡಿದರೆ, “ಸದ್ಯ, ಇನ್ನಾದರೂ ನಿದ್ದೇಲಿ ಮಾತಾಡೋದು ಬಿಡ್ತೀರಲ್ಲ” ಎಂದಳು. ಅವನು ಗಟ್ಟಿಯಾಗಿ ನಕ್ಕ. ಅಕ್ಕಪಕ್ಕದವರು ಜರುಗಿ ನಿಂತರು. ಪಾಠ ಸಮಾಸದಲ್ಲಿ ನಿಂತುಹೋಗಿತ್ತು. ಇವತ್ತೇ ಅಲ್ಲಿಂದ ಶುರು. ಬೆರಳಿಗೆ ಸೀಮೆಸುಣ್ಣ ಮೆತ್ತಿಕೊಳ್ಳುವುದನ್ನು ನೆನೆದೇ ಮೈ ಜುಮ್ಮೆಂದಿತು.

ಪ್ರಿನ್ಸಿಪಾಲರು ಕಾಲೇಜಿನ ಮೆಟ್ಟಿಲ ಮೇಲೆ ಸಿಕ್ಕರು.

“ಗೆದ್ದಿರಂತೆ.”

“ಗೆದ್ದೆ ಸರ್. ಕ್ಲಾಸು...”

“ಆದೇಶದ ಪ್ರತಿ ಬರಲಿ. ನೋಡೋಣ.”

ಸ್ಟಾಫ್ ರೂಮಿನಲ್ಲಿ ಎಲ್ಲರೂ ಕೈ ಕುಲುಕಿದರು. ಇತಿಹಾಸದವರು ಕೋರ್ಟು ಏನೆಂದಿತೆಂದು ಕೇಳಿದರು. ‘ನನ್ನ ಪದವಿ ಸರಿ ಎಂದಿತು’ ಎಂದಿದ್ದರೆ ಸಾಕಿತ್ತು. ವ್ಯಾಕರಣದವನ ಚಟ, ಆದೇಶದ ವಾಕ್ಯವನ್ನು ವಿಭಕ್ತಿ ಸಮೇತ ಒಪ್ಪಿಸಿಬಿಟ್ಟ.

“ಪದವೀಧರರಂತೆ!” ಇತಿಹಾಸದವರು ಕುರ್ಚಿಗೆ ಒರಗಿದರು. “ಹೌದಂತೆ, ಇವರು ಪದವೀಧರರಂತೆ. ಅಂಚೆ ಹೋಗಿ ಅಂತೆ ಆಯ್ತಲ್ರೀ.”

ಎಲ್ಲರೂ ನಕ್ಕರು. ಅವನೂ ನಕ್ಕ. ಹಾಗೆ ಎನ್ನುವುದಕ್ಕೂ ಅಂತೆ, ಯಾರೋ ಹೇಳಿದ್ದಕ್ಕೂ ಅಂತೆ. ಇದನ್ನು ಅವನೇ ಎಷ್ಟೋ ವರ್ಷ ಹಲಗೆಯ ಮೇಲೆ ಬರೆದು ವಿವರಿಸಿದ್ದ. ಆಗ ಅದು ಬರೀ ಪಾಠವಾಗಿತ್ತು.

ಆದರೂ ಎದೆಯೊಳಗಿನ ಕುಣಿತ ನಿಲ್ಲಲಿಲ್ಲ. ಅದೇ ಅವನಿಗೆ ಆಶ್ಚರ್ಯ. ಕಾರಿಡಾರಿನಲ್ಲಿ ಹೆಚ್ಚುಕಡಿಮೆ ಓಡಿ ತನ್ನ ಕ್ಲಾಸಿನ ಬಾಗಿಲಿಗೆ ಬಂದ. ಅವನ ಬದಲಿಗೆ ನೇಮಕವಾಗಿದ್ದ ಎಳೆಯ ಟೀಚರು ಹಾಜರಿ ಪುಸ್ತಕ ತೆರೆಯುತ್ತಿದ್ದಳು. ಅವನನ್ನು ಕಂಡು ಅವಳ ಮುಖ ಸಪ್ಪಗಾಯಿತು.

“ಗೆದ್ದಿರಂತೆ ಸರ್. ಸಂತೋಷ. ಕ್ಲಾಸು ನೀವೇ ತಗೋತೀರಾ?”

“ಇಲ್ಲ ಇಲ್ಲ, ಪ್ರತಿ ಬರಬೇಕು. ಸುಮ್ನೆ ಕೂರ್ತೀನಿ.”

ಕೊನೆಯ ಬೆಂಚಿನಲ್ಲಿ ಹೋಗಿ ಕೂತ. ಕಾಲೇಜಿನ ಬೆಂಚಿನಲ್ಲಿ ಅವನು ಕೂತದ್ದು ಜೀವಮಾನದಲ್ಲಿ ಇದೇ ಮೊದಲು. ಡೆಸ್ಕಿನ ಮೇಲೆ ಯಾರೋ ಹೆಸರು ಕೆತ್ತಿದ್ದರು. ಮಂಡಿ ಅದರ ಅಡಿಗೆ ತಾಗುತ್ತಿತ್ತು. ಇಲ್ಲಿಂದ ಕರಿಹಲಗೆ ತುಂಬ ದೂರ ಕಾಣುತ್ತದೆಂಬುದು ಅವನಿಗೆ ಗೊತ್ತೇ ಇರಲಿಲ್ಲ.

ಟೀಚರು ತಲೆ ತಗ್ಗಿಸಿ ನಂಬರು ಕರೆಯತೊಡಗಿದಳು. ಒಂದೊಂದಕ್ಕೂ ಒಂದೊಂದು ದನಿ ಎದ್ದಿತು. ಒಂದು ನಂಬರಿಗೆ ಯಾರೂ ಓಗೊಡಲಿಲ್ಲ. ಅವಳು ಇನ್ನೊಮ್ಮೆ ಕರೆದಳು.

“ಹಾಜರ್, ಮೇಡಂ” ಎಂದ ಅವನು, ಕೈಯೆತ್ತಿ.

ಯಾರೂ ತಿರುಗಿ ನೋಡಲಿಲ್ಲ. ಅವಳು ತಲೆ ಎತ್ತದೆಯೇ ಪುಸ್ತಕದಲ್ಲಿ ಹಾಜರಿ ಗುರುತು ಹಾಕಿಕೊಂಡು ಮುಂದಿನ ನಂಬರು ಕರೆದಳು. ಎತ್ತಿದ ಕೈಯನ್ನು ಇಳಿಸುವುದು ಅವನಿಗೆ ನೆನಪಾಗಲಿಲ್ಲ.