ಲೈಲ್ ಬೋಡೀನನ ಮೂರನೆಯ ಅಂಕ

ಏಳು ವರ್ಷಗಳಲ್ಲಿ ವಿಲ್ಬರ್ ಟ್ಯಾಗರ್ಟ್ ಟೆಲಿವಿಷನ್ ನಾಟಕಗಳಲ್ಲಿ ನ್ಯಾಯಾಧೀಶ, ಅಂಚೆಯವ, ಹೋಟೆಲಿನ ಗುಮಾಸ್ತ ಎಲ್ಲವೂ ಆಗಿದ್ದ. ನ್ಯೂಯಾರ್ಕಿನ ಬೀದಿಯಲ್ಲಿ ಜನ ತಡೆದು, "ನೀವು ನಮ್ಮೂರ ಔಷಧಿ ಅಂಗಡಿಯವರಲ್ವಾ?" ಎಂದು ಕೇಳುತ್ತಿದ್ದರೇ ಹೊರತು ಹೆಸರು ಯಾರಿಗೂ ಗೊತ್ತಿರಲಿಲ್ಲ. ಅಂಥವನೇ ಇನ್ನೊಬ್ಬ ಲೈಲ್ ಬೋಡೀನ್. ಒಂದೇ ಪಾತ್ರಕ್ಕೆ ಇಬ್ಬರೂ ಹೋಗುವರು. ಸಿಕ್ಕವನು ಸಿಗದವನಿಗೆ ಊಟ ಹಾಕಿಸುವನು.

೧೯೫೪ರ ನವೆಂಬರಿನಲ್ಲಿ ಒಂದೇ ನಾಟಕದಲ್ಲಿ ಇಬ್ಬರಿಗೂ ಪಾತ್ರ ಸಿಕ್ಕಿತು. ಆಗೆಲ್ಲ ಮಧ್ಯಾಹ್ನದ ನಾಟಕ ಆಡುತ್ತಿದ್ದಂತೆಯೇ ಮನೆಮನೆಗೂ ತಲುಪುತ್ತಿತ್ತು, ತಪ್ಪಿದರೆ ತಿದ್ದುವಂತಿಲ್ಲ. ಮೂರನೆಯ ಅಂಕದಲ್ಲಿ ಲೈಲ್ ಕಿಟಕಿಯತ್ತ ಮುಖ ಮಾಡಿ, ಕ್ಯಾಮೆರಾಗೆ ಬೆನ್ನು ಕೊಟ್ಟು ಕೂರಬೇಕು.

"ಈ ಸಲ ನನ್ನ ಬೆನ್ನಿಗೇ ಬಹುಮಾನ ಬರತ್ತೆ, ನೋಡ್ತಿರು," ಎಂದು ನಕ್ಕಿದ್ದ.

ಎರಡನೆಯ ಅಂಕ ಮುಗಿದು ಸಾಬೂನಿನ ಜಾಹೀರಾತು ಶುರುವಾಯಿತು. ಆ ಬಿಡುವಿನಲ್ಲೇ ಲೈಲ್ ಕುರ್ಚಿಗೆ ಬಂದು ಕೂತ, ಒಮ್ಮೆ ನಿಟ್ಟುಸಿರಿಟ್ಟ, ಅಷ್ಟೇ. ವಿಲ್ಬರ್ ಅವನ ಕೈ ಹಿಡಿದು ನೋಡಿದ. ನಾಡಿ ಇರಲಿಲ್ಲ.

ನಿರ್ದೇಶಕ ಕ್ರಾಮರನ ಮುಖ ಸುಣ್ಣವಾಯಿತು. "ಅವನ ಮಾತೂ ನೀನೇ ಹೇಳ್ಕೊಂಡು ಹೋಗು."

"ಮೊದ್ಲು ಇವನನ್ನ ಎತ್ತಯ್ಯಾ!"

"ಟೈಮಿಲ್ಲ ಕಣೋ. ನಲವತ್ತು ಸೆಕೆಂಡು!"

ಕ್ಯಾಮೆರಾದ ಕೆಂಪು ದೀಪ ಹೊತ್ತಿತು. ವಿಲ್ಬರ್ ಕುರ್ಚಿಯ ಹಿಂದೆ ನಿಂತು, ಕಿಟಕಿಯ ಬಣ್ಣದ ಪರದೆಯನ್ನೇ ದಿಟ್ಟಿಸುತ್ತ ಪ್ರಶ್ನೆಯನ್ನೂ ಕೇಳಿದ, ಉತ್ತರವನ್ನೂ ಹೇಳಿದ. ಲೈಲನ ಮಾತುಗಳನ್ನು ಅವನು ಬಾಯಿಪಾಠ ಮಾಡಿರಲಿಲ್ಲ. ಆದರೂ ಒಂದಕ್ಷರ ತಪ್ಪದೆ ಅವು ನಾಲಿಗೆಗೆ ಬಂದವು, ಯಾರೋ ಕಿವಿಯಲ್ಲಿ ಹೇಳಿಕೊಟ್ಟಂತೆ. ಹನ್ನೊಂದು ನಿಮಿಷ. ಲೈಲನ ಮುಖವನ್ನು ಮಾತ್ರ ಅವನು ಒಮ್ಮೆಯೂ ನೋಡಲಿಲ್ಲ, ಧೈರ್ಯ ಬರಲಿಲ್ಲ.

ಹೆಣವನ್ನು ಕೆಳಗಿಳಿಸುವಷ್ಟರಲ್ಲಿ ಓಹಾಯೋದಿಂದ ಫೋನ್ ಬಂತು, ವಿಲ್ಬರ್ ಎತ್ತಿಕೊಂಡ. ಲೈಲನ ಅಕ್ಕ ಮ್ಯಾಮಿ.

"ತಮ್ಮನ್ನ ಸ್ವಲ್ಪ ಕರೀರಿ. ಎಷ್ಟು ಚೆನ್ನಾಗಿ ಮಾಡ್ದ! ಕೊನೇಲಿ ಹಿಂದಕ್ಕೆ ತಿರುಗಿ 'ಇನ್ನು ಕಾಯ್ಬೇಡ ಮ್ಯಾಮಿ' ಅಂದ್ನಲ್ಲ, ನಂಗೆ ಅಳುನೇ ಬಂದ್ಬಿಡ್ತು. ನನ್ನ ಹೆಸರು ಸೇರಿಸ್ಕೊಂಡಿದ್ದಕ್ಕೆ ಬೈಸ್ಕೊಂಡ್ನಾ?"

ನಾಟಕದಲ್ಲಿ ಮ್ಯಾಮಿ ಎಂಬ ಹೆಸರೇ ಇರಲಿಲ್ಲ. ವಿಲ್ಬರ್ ಸಾವಿನ ಸುದ್ದಿ ಹೇಳಿದ. ಅದು ಯಾವಾಗ ಆಯಿತೆಂದೂ ಹೇಳಿದ.

"ಆಮೇಲೆ ತಾನೇ ಅವನು ತಿರುಗಿದ್ದು?" ಎಂದಳು ಅವಳು.

ಶವಪೆಟ್ಟಿಗೆಯೊಂದಿಗೆ ವಿಲ್ಬರನೇ ರೈಲಿನಲ್ಲಿ ಓಹಾಯೋಗೆ ಹೋದ. ಮಣ್ಣು ಮಾಡಿ ಬಂದ ಮೇಲೆ ಮ್ಯಾಮಿಯ ನೆರೆಮನೆಯ ಮುದುಕಿಯೊಬ್ಬಳು ಕಾಫಿ ಲೋಟ ಅವನ ಕೈಗಿಟ್ಟು ಪಕ್ಕದಲ್ಲೇ ಕೂತಳು. ಅವಳೂ ತನ್ನ ಮನೆಯಲ್ಲಿ ನಾಟಕ ನೋಡಿದ್ದಳಂತೆ.

"ನೀವು ಹತ್ರಾನೇ ಇದ್ರಲ್ಲಪ್ಪ," ಎಂದಳು ಮೆಲ್ಲಗೆ. "ತಿರುಗ್ದಾಗ ಅವನ ಕಣ್ಣು ಹೇಗಿತ್ತು?"

"ನಾನು ನೋಡ್ಲಿಲ್ಲಮ್ಮ," ಎಂದ ವಿಲ್ಬರ್.